ಐದೂವರೆ ಅಡಿಯೂ ಇಲ್ಲದ ರಾಬ್ ಬರೋ ರಗ್ಬಿ ದೈತ್ಯರ ನಡುವೆ ಉಳಿದದ್ದು ಹೇಗೆ?

ನಮಸ್ಕಾರ.

ಎತ್ತರ 165 ಸೆಂಟಿಮೀಟರ್. ತೂಕ 67 ಕಿಲೋ ಆಸುಪಾಸು. ಇಷ್ಟೇ ಮೈಕಟ್ಟಿನ ಹುಡುಗ ಮನೆಗೆ ಬಂದು ‘ನಾನು ರಗ್ಬಿ ಆಡುತ್ತೇನೆ’ ಎಂದರೆ ಯಾವ ತಾಯಿಯಾದರೂ ಮೊದಲು ತಟ್ಟೆ ಹಾಕಿ ಇನ್ನೆರಡು ತುತ್ತು ಹೆಚ್ಚು ಬಡಿಸುತ್ತಾಳೆ. ಆದರೆ ಇಂಗ್ಲೆಂಡಿನ ರಾಬ್ ಬರೋ ಇದೇ ಮೈಕಟ್ಟಿನಲ್ಲಿ, ನೂರು ಕಿಲೋ ದಾಟಿದ ಆಟಗಾರರ ನಡುವೆ, 2001ರಿಂದ 2017ರವರೆಗೆ ಆಡಿದರು. ಒಂದೇ ತಂಡ, ಲೀಡ್ಸ್ ರೈನೋಸ್. 490ಕ್ಕೂ ಹೆಚ್ಚು ಪಂದ್ಯಗಳು. ಅಲ್ಲಿನ ಅಗ್ರ ಟೂರ್ನಿಯಾದ ಸೂಪರ್ ಲೀಗ್‌ನ ಎಂಟು ಪ್ರಶಸ್ತಿಗಳು.

ಗಾತ್ರದಲ್ಲಿ ಸಣ್ಣವರಾಗಿದ್ದರೂ ಗೆದ್ದರು ಎಂದು ಎಲ್ಲರೂ ಹೇಳುತ್ತಾರೆ. ನನಗೆ ಆ ‘ಇದ್ದರೂ’ ಒಪ್ಪಿಗೆಯಿಲ್ಲ. ಅವರು ಸಣ್ಣವರಾಗಿದ್ದರಿಂದಲೇ ಗೆದ್ದರು. ಹೇಗೆ ಎಂದು ತೋರಿಸುತ್ತೇನೆ.

ಮೊದಲು ಎರಡು ಮಾತಿನಲ್ಲಿ ಹಿನ್ನೆಲೆ. 1895ರಲ್ಲಿ ಹಡರ್ಸ್‌ಫೀಲ್ಡ್‌ನ ಜಾರ್ಜ್ ಹೋಟೆಲಿನಲ್ಲಿ ಉತ್ತರ ಇಂಗ್ಲೆಂಡಿನ ಕ್ಲಬ್ಬುಗಳು ಸಭೆ ಸೇರಿ ಮೂಲ ರಗ್ಬಿ ಸಂಸ್ಥೆಯಿಂದ ಹೊರಬಂದವು. ಪಂದ್ಯಕ್ಕಾಗಿ ಕೆಲಸ ಬಿಟ್ಟು ಬರುವ ಗಣಿ ಮತ್ತು ಗಿರಣಿ ಕಾರ್ಮಿಕರಿಗೆ ಕಳೆದುಕೊಂಡ ಕೂಲಿಯನ್ನು ತುಂಬಿಕೊಡಬೇಕೆಂಬುದು ಜಗಳದ ಮೂಲ. ಹಾಗೆ ಬೆಳೆದ ಆಟವೇ ರಗ್ಬಿ ಲೀಗ್. ತಂಡಕ್ಕೆ ಹದಿಮೂರು ಮಂದಿ. ಬರೋ ಹುಟ್ಟಿದ್ದು ಅದೇ ಸೀಮೆಯ ಪಾಂಟೆಫ್ರ್ಯಾಕ್ಟ್‌ನಲ್ಲಿ, 1982ರಲ್ಲಿ.

[ಪರದೆಯಲ್ಲಿ: ಮೈದಾನದ ನಕ್ಷೆ, ಆಟಗಾರರ ಜಾಗದಲ್ಲಿ ಚುಕ್ಕೆಗಳು]

ಈಗ ಈ ನಕ್ಷೆ ನೋಡಿ. ದಾಳಿ ಮಾಡುವ ತಂಡಕ್ಕೆ ಆರು ಟ್ಯಾಕಲ್‌ಗಳ ಅವಕಾಶ. ಚೆಂಡು ಹಿಡಿದವನನ್ನು ಎದುರಾಳಿಗಳು ಹಿಡಿದು ಕೆಡವುವುದೇ ಟ್ಯಾಕಲ್; ಕೆಡವಿದರೆ ಆಟ ಮುಗಿಯುವುದಿಲ್ಲ. ಅವನು ಎದ್ದು ನಿಂತು, ಚೆಂಡನ್ನು ನೆಲಕ್ಕಿಟ್ಟು, ಕಾಲಿನಿಂದ ಹಿಂದಕ್ಕೆ ಉರುಳಿಸುತ್ತಾನೆ. ಹಿಂದೆ ನಿಂತ ಜೊತೆಗಾರ ಅದನ್ನು ಎತ್ತಿಕೊಳ್ಳುತ್ತಾನೆ. ಅವನಿಗೆ ಡಮ್ಮಿ ಹಾಫ್ ಎನ್ನುತ್ತಾರೆ. ಆ ಹೊತ್ತಿಗೆ ಎದುರಾಳಿಗಳ ಪೈಕಿ ಇಬ್ಬರು ಮಾತ್ರ ಚೆಂಡಿನ ಮುಂದೆ ನಿಲ್ಲಬಹುದು. ಉಳಿದವರೆಲ್ಲ ಹತ್ತು ಮೀಟರ್ ಹಿಂದಕ್ಕೆ ಸರಿಯಲೇಬೇಕು.

ಇಲ್ಲಿಯೇ ಗುಟ್ಟಿರುವುದು. 110 ಕಿಲೋ ತೂಗುವ ಆಟಗಾರ ಒಬ್ಬನನ್ನು ಕೆಡವುತ್ತಾನೆ, ಏಳುತ್ತಾನೆ, ಹತ್ತು ಮೀಟರ್ ಹಿಂದಕ್ಕೆ ಓಡುತ್ತಾನೆ, ಮತ್ತೆ ಮುಂದೆ ನುಗ್ಗುತ್ತಾನೆ. ಇದು ಇಪ್ಪತ್ತೈದು ನಿಮಿಷ ನಡೆದರೆ ಅವನ ಏದುಸಿರು ಟಿ.ವಿ.ಯಲ್ಲೇ ಕಾಣಿಸುತ್ತದೆ. ಅವನು ಇನ್ನೂ ಹಿಂದಕ್ಕೆ ಸರಿಯುತ್ತಿರುವಾಗಲೇ, ದಣಿಯದ ಕಾಲಿನ, ತಟ್ಟನೆ ದಿಕ್ಕು ಬದಲಿಸಬಲ್ಲ ಒಬ್ಬ ಹಗುರ ಮನುಷ್ಯ ಚೆಂಡು ಎತ್ತಿಕೊಂಡು ಓಡಿದರೆ? 2011ರಲ್ಲಿ ಲೀಡ್ಸ್ ಕೋಚ್ ಬ್ರಯಾನ್ ಮೆಕ್‌ಡರ್ಮಟ್ ಮಾಡಿದ್ದು ಇದನ್ನೇ. ಬರೋ ಅವರನ್ನು ಬೆಂಚಿನಲ್ಲಿ ಕೂರಿಸಿ, ಎದುರಾಳಿ ದಣಿದ ಮೇಲೆ ಒಳಕ್ಕೆ ಬಿಡುತ್ತಿದ್ದರು.

[ಪರದೆಯಲ್ಲಿ: 8 ಅಕ್ಟೋಬರ್ 2011, ಓಲ್ಡ್ ಟ್ರಾಫರ್ಡ್]

ಆ ವರ್ಷದ ಗ್ರ್ಯಾಂಡ್ ಫೈನಲ್, ಅಂದರೆ ಸೂಪರ್ ಲೀಗ್ ಚಾಂಪಿಯನ್ ಯಾರೆಂದು ತೀರ್ಮಾನಿಸುವ ಪಂದ್ಯ. ಲೀಡ್ಸ್ ಲೀಗ್ ಪಟ್ಟಿಯಲ್ಲಿ ಐದನೆಯ ಸ್ಥಾನದಲ್ಲಿತ್ತು. ಅಷ್ಟು ಕೆಳಗಿನಿಂದ ಬಂದು ಯಾರೂ ಅಲ್ಲಿಯವರೆಗೆ ಪ್ರಶಸ್ತಿ ಗೆದ್ದಿರಲಿಲ್ಲ. ಎದುರಾಳಿ ಸೇಂಟ್ ಹೆಲೆನ್ಸ್. ಮೊದಲಾರ್ಧದಲ್ಲಿ ಬೆಂಚಿನಿಂದ ಎದ್ದು ಬಂದ ಬರೋ, ತಮ್ಮ ಅರ್ಧದಿಂದಲೇ ಚೆಂಡು ಹಿಡಿದು ಹೊರಡುತ್ತಾರೆ. ಎದುರಾಳಿಯ ತೋಳು ಬೀಸಿ ಬರುತ್ತದೆ. ಆ ತೋಳಿಗೆ ಅಲ್ಲಿ ಒಂದು ಎದೆ ಸಿಗಬೇಕಿತ್ತು, ಸಿಗುವುದಿಲ್ಲ. ಬರೋ ತಗ್ಗಿ ಅದರ ಕೆಳಗೆ ನುಸುಳಿ ಆಗಿರುತ್ತದೆ.

ಕಬಡ್ಡಿ ನೋಡುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಇದು ಡುಬ್ಕಿ! ಕೈ ಕೈ ಹಿಡಿದ ಚೈನ್ ಮುಂದೆ ಬಂದಾಗ ರೇಡರ್ ಅದರ ಮೇಲೆ ಹಾರುವ ಬದಲು, ಪಕ್ಕಕ್ಕೆ ಓಡುವ ಬದಲು, ಕೆಳಗಿನಿಂದ ಮುಳುಗಿ ಏಳುತ್ತಾನಲ್ಲ, ಅದೇ. ಹಿಡಿಯುವವನು ಎತ್ತರವಿದ್ದಷ್ಟೂ ಅವನ ತೋಳಿಗೂ ನೆಲಕ್ಕೂ ನಡುವೆ ಜಾಗ ಹೆಚ್ಚು. ಅವನು ಬಗ್ಗಬೇಕು, ಮಂಡಿ ಮಡಚಬೇಕು, ತೂಕ ಕೆಳಗಿಳಿಸಬೇಕು, ಅಷ್ಟರಲ್ಲಿ ರೇಡರ್ ಮಿಡ್‌ಲೈನ್ ಮುಟ್ಟಿರುತ್ತಾನೆ. ಒಂದು ವ್ಯತ್ಯಾಸವಿದೆ. ರೇಡರ್ ಡುಬ್ಕಿ ಹಾಕುವುದು ಹಿಂದಿರುಗಿ ಮನೆ ಸೇರಲು. ಬರೋ ಹಾಕಿದ್ದು ಎದುರಾಳಿಯ ಅಂಗಳದೊಳಕ್ಕೆ ಹೋಗಲು, ಕೈಯಲ್ಲಿ ಚೆಂಡು ಬೇರೆ. ಮುಂದೆ ಉಳಿದಿದ್ದವರು ಫುಲ್‌ಬ್ಯಾಕ್, ಅಂದರೆ ಎಲ್ಲರ ಹಿಂದೆ ನಿಲ್ಲುವ ಕೊನೆಯ ರಕ್ಷಕ, ಪಾಲ್ ವೆಲೆನ್ಸ್. ವೆಲೆನ್ಸ್ ಅವರ ಪಾದಗಳನ್ನು ನಿಧಾನಗತಿಯಲ್ಲಿ ನೋಡಿ: ಒಂದು ಕಡೆಗೆ ಹೆಜ್ಜೆ ಊರಿದ್ದಾರೆ, ಬರೋ ಆಗಲೇ ಇನ್ನೊಂದು ಕಡೆ. ವೆಲೆನ್ಸ್ ಸಾಮಾನ್ಯರಲ್ಲ, ಸೇಂಟ್ ಹೆಲೆನ್ಸ್‌ನ ಅತ್ಯುತ್ತಮ ಆಟಗಾರರಲ್ಲೊಬ್ಬರು.

ಲೀಡ್ಸ್ 32–16ರಿಂದ ಗೆದ್ದಿತು. ಫೈನಲ್‌ನ ಅತ್ಯುತ್ತಮ ಆಟಗಾರನಿಗೆ ಕೊಡುವ ಹ್ಯಾರಿ ಸಂಡರ್ಲ್ಯಾಂಡ್ ಟ್ರೋಫಿ ಬರೋ ಅವರ ಕೈಸೇರಿತು. ಮತ ಹಾಕಿದವರೆಲ್ಲರೂ ಅವರ ಹೆಸರನ್ನೇ ಬರೆದಿದ್ದರು. ಹಾಗೆ ಎಲ್ಲ ಮತಗಳನ್ನೂ ಪಡೆದ ಮೊದಲಿಗರು ಅವರು. 2007ರಲ್ಲೂ ಅದೇ ಟ್ರೋಫಿ ಗೆದ್ದಿದ್ದರು.

ನಮಗೆ ಗೊತ್ತಿರುವ ಒಂದು ಜಾಗದ ಮಾತು. ಲೀಡ್ಸ್ ತಂಡದ ಮನೆ ಹೆಡಿಂಗ್ಲೆ. ಹೌದು, 2002ರಲ್ಲಿ ರಾಹುಲ್ ದ್ರಾವಿಡ್ 148 ಹೊಡೆದ ಹೆಡಿಂಗ್ಲೆಯೇ. ಅಲ್ಲಿ ಎರಡು ಮೈದಾನಗಳು ಬೆನ್ನಿಗೆ ಬೆನ್ನು ಕೊಟ್ಟಿವೆ: ಒಂದೇ ಸ್ಟ್ಯಾಂಡಿನ ಒಂದು ಮುಖ ಕ್ರಿಕೆಟ್ಟಿಗೆ, ಇನ್ನೊಂದು ರಗ್ಬಿಗೆ. ಆ ಕಡೆ ನಮ್ಮವರು ಆಡುತ್ತಿದ್ದ ದಿನಗಳಲ್ಲಿ ಈ ಕಡೆ ಹತ್ತೊಂಬತ್ತರ ಹರೆಯದ ಬರೋ ತಂಡದಲ್ಲಿ ಜಾಗ ಗಟ್ಟಿ ಮಾಡಿಕೊಳ್ಳುತ್ತಿದ್ದರು.

ಸಮಯ ಓಡುತ್ತಿದೆ, ಉಳಿದದ್ದನ್ನು ಬೇಗ ಹೇಳುತ್ತೇನೆ. 2004ರಲ್ಲಿ ಲೀಡ್ಸ್ 32 ವರ್ಷಗಳ ನಂತರ ಚಾಂಪಿಯನ್ ಆಯಿತು, ಬರೋ ಆ ತಂಡದಲ್ಲಿದ್ದರು. 2015ರಲ್ಲಿ ಒಂದೇ ವರ್ಷ ಮೂರು ಪ್ರಶಸ್ತಿ. ಇಂಗ್ಲೆಂಡಿಗೂ ಗ್ರೇಟ್ ಬ್ರಿಟನ್ನಿಗೂ ಆಡಿದರು. 2017ರ ಗ್ರ್ಯಾಂಡ್ ಫೈನಲ್ ಅವರ ಕೊನೆಯ ಪಂದ್ಯ: ಕಾಸಲ್‌ಫರ್ಡ್ ವಿರುದ್ಧ 24–6 ಜಯ.

ಎರಡು ವರ್ಷದ ನಂತರ, 2019ರ ಡಿಸೆಂಬರಿನಲ್ಲಿ, ಮೋಟಾರ್ ನ್ಯೂರಾನ್ ಕಾಯಿಲೆ ಪತ್ತೆಯಾಯಿತು. ಸ್ನಾಯುಗಳನ್ನು ಆಳುವ ನರಕೋಶಗಳು ಒಂದೊಂದಾಗಿ ಸಾಯುವ ಕಾಯಿಲೆ ಇದು, ಗುಣಪಡಿಸುವ ಮದ್ದಿಲ್ಲ. ಮಾತು ನಿಂತ ಮೇಲೆ ಕಣ್ಣಿನ ಚಲನೆಯಿಂದ ನಡೆಯುವ ಕಂಪ್ಯೂಟರ್ ಮೂಲಕ ಮಾತನಾಡಿದರು. ಲೀಡ್ಸ್‌ನ ಹಳೆಯ ನಾಯಕ ಕೆವಿನ್ ಸಿನ್‌ಫೀಲ್ಡ್ ನಿಧಿ ಸಂಗ್ರಹಕ್ಕಾಗಿ 2020ರಲ್ಲಿ ಏಳು ದಿನ ಏಳು ಮ್ಯಾರಥಾನ್ ಓಡಿದರು. ಬರೋ ಅವರ ಜರ್ಸಿ ಸಂಖ್ಯೆ 7, ಹಾಗಾಗಿ ಗುರಿ 77,777 ಪೌಂಡ್. ಜನ ಕೊಟ್ಟದ್ದು ಇಪ್ಪತ್ತು ಲಕ್ಷ ಪೌಂಡ್ ಮೀರಿತು. 2023ರ ಲೀಡ್ಸ್ ಮ್ಯಾರಥಾನ್‌ನಲ್ಲಿ ಗೆಳೆಯನನ್ನು ಗಾಲಿಕುರ್ಚಿಯಲ್ಲಿ ತಳ್ಳಿಕೊಂಡು ಓಡಿ, ಕೊನೆಯ ಗೆರೆಯನ್ನು ಎತ್ತಿಕೊಂಡೇ ದಾಟಿಸಿದರು. ಇಂತಹ ಸ್ನೇಹ ನಮ್ಮೆಲ್ಲರ ಪಾಲಿಗೂ ಬರಲಿ.

2024ರ ಜೂನ್ 2ರಂದು, 41ನೆಯ ವಯಸ್ಸಿನಲ್ಲಿ ಬರೋ ತೀರಿಕೊಂಡರು. ಅವರ ಹೆಸರಿನ ಚಿಕಿತ್ಸಾ ಕೇಂದ್ರದ ಕಟ್ಟಡ ಕೆಲಸ ಲೀಡ್ಸ್‌ನ ಸೀಕ್ರಾಫ್ಟ್ ಆಸ್ಪತ್ರೆಯಲ್ಲಿ ಜೂನ್ 3ರಂದು ಶುರುವಾಗಬೇಕಿತ್ತು. ಮನೆಯವರು ಅದನ್ನು ಮುಂದೂಡಲಿಲ್ಲ.

ಮುಂದಿನ ವಾರ ಇದೇ ಆಟದ ಇನ್ನೊಬ್ಬರು: 1972ರಲ್ಲಿ ಗ್ರೇಟ್ ಬ್ರಿಟನ್ನಿಗೆ ವಿಶ್ವಕಪ್ ಗೆದ್ದುಕೊಟ್ಟ ನಾಯಕ ಕ್ಲೈವ್ ಸಲ್ಲಿವನ್. ನೋಡಲು ಬನ್ನಿ.