ಚೆಂಡಿಗಿಂತ ಮೊದಲೇ: ಡಿಫೆಂಡರ್ ಪಾವ್ಲೊ ಮಾಲ್ದೀನಿ

ಕೇಳುಗರಿಗೆ ನಮಸ್ಕಾರ.

1985ರ ಜನವರಿ 20ರಂದು ಇಟಲಿಯ ಉದೀನೆ ಊರಿನಲ್ಲಿ ಎಸಿ ಮಿಲಾನ್ ಫುಟ್‌ಬಾಲ್ ತಂಡದ ಪಂದ್ಯ. ವಿರಾಮದ ನಂತರ ತರಬೇತುದಾರ ನಿಲ್ಸ್ ಲೀಡ್‌ಹೋಮ್ ಹದಿನಾರು ವರ್ಷದ ಹುಡುಗನೊಬ್ಬನನ್ನು ಬದಲಿ ಆಟಗಾರನಾಗಿ ಇಳಿಸಿದರು. ಆ ಹುಡುಗ ಪಾವ್ಲೊ ಮಾಲ್ದೀನಿ. ತಂದೆ ಚೇಸರೆ ಮಾಲ್ದೀನಿ 1963ರಲ್ಲಿ ಇದೇ ಮಿಲಾನ್‌ನ ನಾಯಕರಾಗಿ, ಯುರೋಪಿನ ಕ್ಲಬ್ಬುಗಳ ದೊಡ್ಡ ಟೂರ್ನಿಯಾದ ಯುರೋಪಿಯನ್ ಕಪ್ ಎತ್ತಿದವರು. ಮಗ ಬೂಟು ಕಳಚಿದ್ದು 2009ರ ಮೇ ತಿಂಗಳಲ್ಲಿ, ನಲವತ್ತು ದಾಟಿದ ಮೇಲೆ. ಅಷ್ಟರಲ್ಲಿ ಮಿಲಾನ್ ಪರ 902 ಪಂದ್ಯ, ಇಟಲಿ ಪರ 126. ಬೇರೆ ಯಾವ ಕ್ಲಬ್ಬಿಗೂ ಅವರು ಆಡಲೇ ಇಲ್ಲ.

ಮೊಣಕಾಲು ಸವೆಸುವ ಈ ಆಟದಲ್ಲಿ ಇಷ್ಟು ವರ್ಷ ಬಾಳುವುದು ಹೇಗೆ? ನೆಲಕ್ಕೆ ಜಾರಿ ಚೆಂಡು ಕಸಿಯುವ ಟ್ಯಾಕಲ್ ನೋಡಲು ಚೆಂದ, ಜನ ಚಪ್ಪಾಳೆ ಹೊಡೆಯುತ್ತಾರೆ. ಆದರೆ ಅದು ಡಿಫೆಂಡರ್‌ನ, ಅಂದರೆ ದಾಳಿ ತಡೆಯುವ ಆಟಗಾರನ, ಕೊನೆಯ ಅಸ್ತ್ರ. ಜಾರಿದವನು ಮತ್ತೆ ಎದ್ದು ನಿಲ್ಲುವಷ್ಟರಲ್ಲಿ ಎದುರಾಳಿ ನಾಲ್ಕೈದು ಮೀಟರ್ ಮುಂದೆ ಹೋಗಿರುತ್ತಾನೆ. ಮಾಲ್ದೀನಿಯ ಕಸುಬೆಲ್ಲ ಇದ್ದದ್ದು ಆ ಹಂತ ಬಾರದಂತೆ ನಿಲ್ಲುವುದರಲ್ಲಿ.

ಆ ನಿಲುವನ್ನು ಹತ್ತಿರದಿಂದ ನೋಡೋಣ. ಮೈದಾನದ ಅಂಚಿನಿಂದ ದಾಳಿ ಮಾಡುವ ವಿಂಗರ್ ಚೆಂಡು ಹಿಡಿದು ಎದುರು ಬಂದಾಗ ಅವನಿಂದ ಸುಮಾರು ಒಂದೂವರೆ ಮೀಟರ್ ದೂರ. ಎದೆ ನೇರ ಅವನ ಕಡೆಗಲ್ಲ, ಅರ್ಧ ಓರೆ. ಒಂದು ಪಾದ ಮುಂದೆ, ಮಂಡಿ ತುಸು ಬಾಗಿ, ಭಾರ ಪಾದದ ಮುಂಭಾಗದ ಮೇಲೆ. ಕಣ್ಣು ಚೆಂಡಿನ ಮೇಲೆ, ಅವನ ಕಾಲಿನ ಕಣ್ಕಟ್ಟಿನ ಮೇಲಲ್ಲ. ಎರಡೂ ಪಾದ ಒಂದೇ ಸಾಲಿನಲ್ಲಿಟ್ಟು ನೇರ ನಿಂತರೆ ಕಾಲುಗಳ ನಡುವೆಯೇ ಚೆಂಡು ಹೋಗುತ್ತದೆ. ತಿರುಗಲು ಒಂದು ಹೆಜ್ಜೆ ಹೆಚ್ಚು ಬೇಕು, ಆ ಒಂದು ಹೆಜ್ಜೆಯಲ್ಲೇ ಸೋಲು. ಓರೆ ನಿಂತವನು ಎದುರಾಳಿಗೆ ಒಂದೇ ದಾರಿ ಬಿಡುತ್ತಾನೆ, ಮೈದಾನದ ಪಕ್ಕದ ಗೆರೆಯ ಕಡೆಗೆ. ಚೆಂಡು ವಿಂಗರ್‌ನ ಕಾಲಿನಿಂದ ಒಂದಡಿ ಹೆಚ್ಚು ದೂರ ಉರುಳಿದ ಕ್ಷಣವೇ ಕಾಲು ಹಾಕುವ ಕ್ಷಣ, ಅದಕ್ಕೆ ಮುಂಚೆ ಅಲ್ಲ. ಮಾಲ್ದೀನಿ ಹುಟ್ಟಾ ಬಲಗಾಲಿನವರು. ಆದರೂ ಎಡ ಅಂಚು ಕಾಯುವ ಲೆಫ್ಟ್ ಬ್ಯಾಕ್ ಆಗಿ ಎಡಗಾಲನ್ನು ಅಷ್ಟೇ ಪಳಗಿಸಿಕೊಂಡರು. ಹೀಗಾಗಿ ವಿಂಗರ್ ಗೆರೆಯತ್ತ ಓಡಿದರೂ ಒಳಕ್ಕೆ ತಿರುಗಿದರೂ ತಡೆಯಲು ಒಂದು ಕಾಲು ಸಿದ್ಧ.

1987ರಲ್ಲಿ ಅರ್ರಿಗೊ ಸಾಕ್ಕಿ ಮಿಲಾನ್‌ಗೆ ತರಬೇತುದಾರರಾಗಿ ಬಂದರು. ತಸ್ಸೊತ್ತಿ, ಕೋಸ್ಟಕೂರ್ತಾ, ಬರೇಸಿ, ಮಾಲ್ದೀನಿ, ಈ ನಾಲ್ವರು ಡಿಫೆಂಡರ್‌ಗಳನ್ನು ಒಂದೇ ಹಗ್ಗಕ್ಕೆ ಕಟ್ಟಿದ ಹಾಗೆ ಆಡಿಸಿದರು. ಚೆಂಡು ಹಿಡಿದ ಎದುರಾಳಿ ಬೆನ್ನು ತೋರಿಸಿದರೆ, ಅಥವಾ ಹಿಂದಕ್ಕೆ ಪಾಸ್ ಕೊಟ್ಟರೆ, ನಾಲ್ವರೂ ಒಟ್ಟಿಗೆ ಮುಂದಕ್ಕೆ. ಅವನು ತಲೆ ಎತ್ತಿ ನಿರಾಳವಾಗಿ ನಿಂತರೆ ಒಟ್ಟಿಗೆ ಹಿಂದಕ್ಕೆ. ಪಾಸ್ ಹೊರಟಾಗ ಎದುರಾಳಿ ಫಾರ್ವರ್ಡ್, ಅಂದರೆ ಮುಂದೆ ನಿಂತು ದಾಳಿ ಮಾಡುವವನು, ಈ ಸಾಲನ್ನು ದಾಟಿ ನಿಂತಿದ್ದರೆ ಅದು ಆಫ್‌ಸೈಡ್ ಎಂಬ ತಪ್ಪು. ನಾಲ್ವರಲ್ಲಿ ಒಬ್ಬ ಒಂದು ಗಳಿಗೆ ತಡಮಾಡಿದರೂ ಅವನನ್ನು ಸಿಕ್ಕಿಸುವ ಈ ಆಫ್‌ಸೈಡ್ ಬಲೆ ಹರಿಯುತ್ತದೆ. ಉಳಿದ ಮೂವರು ಕೈ ಎತ್ತಿ ಲೈನ್ಸ್‌ಮನ್ ಕಡೆ ನೋಡಬೇಕಷ್ಟೇ. ಸಾಕ್ಕಿ ಹೇಳುತ್ತಿದ್ದ ಒಂದು ಅಭ್ಯಾಸ ಪ್ರಸಿದ್ಧ: ಗೋಲ್‌ಕೀಪರ್ ಮತ್ತು ಈ ನಾಲ್ವರ ವಿರುದ್ಧ ತಂಡದ ಮುಂಚೂಣಿ ಆಟಗಾರರಾದ ಗುಲಿಟ್, ವ್ಯಾನ್ ಬಾಸ್ಟೆನ್ ಸೇರಿ ಹತ್ತು ಜನ, ಹದಿನೈದು ನಿಮಿಷ. ಹತ್ತು ಜನರಿಗೆ ಗೋಲು ಸಿಗುತ್ತಿರಲಿಲ್ಲ. ತಂಡ 1989 ಮತ್ತು 1990ರಲ್ಲಿ ಯುರೋಪಿಯನ್ ಕಪ್ ಗೆದ್ದಿತು.

ನಡುವೆ ನಿಯಮಗಳೂ ಬದಲಾದವು. 1990ರಿಂದ ಡಿಫೆಂಡರ್‌ಗೆ ಸಮನಾಗಿ ನಿಂತ ಫಾರ್ವರ್ಡ್ ಆಫ್‌ಸೈಡ್ ಅಲ್ಲ. 1992ರಿಂದ ತನ್ನವರು ಕಾಲಿನಿಂದ ಕೊಟ್ಟ ಪಾಸನ್ನು ಗೋಲ್‌ಕೀಪರ್ ಕೈಯಲ್ಲಿ ಹಿಡಿಯುವಂತಿಲ್ಲ. ಒತ್ತಡ ಬಂದಾಗ ಹಿಂದಕ್ಕೆ ತಳ್ಳಿ ಕೈತೊಳೆದುಕೊಳ್ಳುತ್ತಿದ್ದ ಡಿಫೆಂಡರ್‌ಗಳಿಗೆ ಇದು ಕಷ್ಟಕ್ಕೆ ಬಂತು. ಎರಡೂ ಕಾಲಿನಲ್ಲಿ ಪಾಸ್ ಕೊಡಬಲ್ಲ ಮಾಲ್ದೀನಿಗೆ ತೊಂದರೆಯಾಗಲಿಲ್ಲ.

ಯುರೋಪಿಯನ್ ಕಪ್‌ಗೆ ಆಗ ಚಾಂಪಿಯನ್ಸ್ ಲೀಗ್ ಎಂಬ ಹೊಸ ಹೆಸರು. ಅದರ 1994ರ ಫೈನಲ್‌ಗೆ ಬರೇಸಿ, ಕೋಸ್ಟಕೂರ್ತಾ ಇಬ್ಬರ ಮೇಲೂ ನಿಷೇಧ. ಅಥೆನ್ಸ್‌ನಲ್ಲಿ ಮಾಲ್ದೀನಿ ಸಾಲಿನ ನಡುವೆ, ಸೆಂಟರ್ ಬ್ಯಾಕ್ ಆಗಿ ನಿಂತರು. ಬಾರ್ಸಿಲೋನಾ 0–4ರಿಂದ ಸೋತಿತು. ವಯಸ್ಸಾದಂತೆ ಆ ಜಾಗವೇ ಅವರದಾಯಿತು. ಲೆಫ್ಟ್ ಬ್ಯಾಕ್ ಆದವನು ಪಕ್ಕದ ಗೆರೆಯುದ್ದಕ್ಕೂ ಏರಿ ಇಳಿಯಬೇಕು. ನಡುವೆ ನಿಂತವನಿಗೆ ಬೇಕಾದದ್ದು ಹತ್ತು ಹದಿನೈದು ಮೀಟರ್‌ನ ಚುರುಕು, ಜೊತೆಗೆ ಪಾಸ್ ಎಲ್ಲಿಗೆ ಬೀಳುತ್ತದೆಂಬ ಅಂದಾಜು.

ಅಲ್ಲಿನ ಅಪಾಯವೇ ಬೇರೆ. 2002ರ ವಿಶ್ವಕಪ್‌ನಲ್ಲಿ ದಕ್ಷಿಣ ಕೊರಿಯಾದ ಆನ್ ಜಂಗ್ ಹ್ವಾನ್ ಮಾಲ್ದೀನಿಗಿಂತ ಮೇಲೆ ಜಿಗಿದು ಹೆಡರ್ ಹೊಡೆದರು. ಅದು ಗೋಲ್ಡನ್ ಗೋಲ್, ಅಂದರೆ ಹೆಚ್ಚುವರಿ ಸಮಯದಲ್ಲಿ ಬಿದ್ದೊಡನೆ ಪಂದ್ಯ ಮುಗಿಸುವ ಗೋಲು, ಇಟಲಿ ಹೊರಬಿತ್ತು. ತೂರಿ ಬರುವ ಚೆಂಡನ್ನೂ ಬೆನ್ನ ಹಿಂದಿನ ಆಟಗಾರನನ್ನೂ ಒಟ್ಟಿಗೆ ನೋಡಲಾಗದು, ಅದಕ್ಕೇ ತೋಳಿನಿಂದ ಅವನಿರುವ ಜಾಗವನ್ನು ಮುಟ್ಟಿ ತಿಳಿಯುತ್ತಿರಬೇಕು. ಆ ಸ್ಪರ್ಶ ತಪ್ಪಿದರೆ ಎಷ್ಟೇ ಅನುಭವವಿದ್ದರೂ ಉಪಯೋಗಕ್ಕೆ ಬಾರದು. ಇಟಲಿ ಪರ ಅವರ ಕೊನೆಯ ಪಂದ್ಯ ಅದು. 1994ರ ವಿಶ್ವಕಪ್ ಫೈನಲ್ ಅನ್ನು ಪೆನಾಲ್ಟಿಯಲ್ಲಿ ಕಳೆದುಕೊಂಡಿದ್ದ ಅವರಿಗೆ ದೇಶದ ಪರ ದೊಡ್ಡ ಕಪ್ ದಕ್ಕಲೇ ಇಲ್ಲ. ಇಂಥ ಡಿಫೆಂಡರ್‌ಗೆ ಅದು ಸಿಗಬೇಕಿತ್ತು.

ಕ್ಲಬ್ಬಿನಲ್ಲಿ ಆಟ ಮುಂದುವರಿಯಿತು. 2003ರಲ್ಲಿ ನಾಯಕನಾಗಿ ಚಾಂಪಿಯನ್ಸ್ ಲೀಗ್ ಕಪ್. 2005ರ ಇಸ್ತಾಂಬುಲ್ ಫೈನಲ್‌ನಲ್ಲಿ ಮೊದಲ ನಿಮಿಷದಲ್ಲೇ ಗೋಲು ಹೊಡೆದರೂ, 3–0 ಮುನ್ನಡೆ ಕರಗಿ ಲಿವರ್‌ಪೂಲ್‌ಗೆ ಪೆನಾಲ್ಟಿಯಲ್ಲಿ ಸೋಲು. 2007ರಲ್ಲಿ ಅಥೆನ್ಸ್‌ನಲ್ಲಿ ಅದೇ ಲಿವರ್‌ಪೂಲ್ ಎದುರು 2–1 ಗೆಲುವು. ಆಗ ಅವರಿಗೆ ಮೂವತ್ತೆಂಟು, ನಿಂತದ್ದು ಸೆಂಟರ್ ಬ್ಯಾಕ್ ಸ್ಥಾನದಲ್ಲಿ, ಮೊಣಕಾಲು ನೋವಿನಲ್ಲೇ. ಆಮೇಲೂ ಎರಡು ಋತು ಆಡಿದರು. ಮಿಲಾನ್ ಅವರ 3ನೇ ನಂಬರಿನ ಅಂಗಿಯನ್ನು ತೆಗೆದಿಟ್ಟಿತು. ಅವರ ಮಕ್ಕಳು ಹಿರಿಯರ ತಂಡಕ್ಕೆ ಬಂದರೆ ಮಾತ್ರ ತೊಡಬಹುದು.

ನಮಸ್ಕಾರ.