ಚೌಕ ಕೊಟ್ಟು ರೂಪಾಂತರ ಕೇಳಬೇಡಿ

ನಿರ್ದೇಶಾಂಕ ಸಮತಲದ ಮೇಲೆ ಎರಡು ಆಕೃತಿ ಬರೆದು, ಮೊದಲನೆಯದು ಎರಡನೆಯದರ ಜಾಗಕ್ಕೆ ಯಾವ ರೂಪಾಂತರದಿಂದ, ಅಂದರೆ ಸರಿಸಿದ್ದರಿಂದಲೋ ಮಗುಚಿದ್ದರಿಂದಲೋ ತಿರುಗಿಸಿದ್ದರಿಂದಲೋ, ಬಂದಿತು ಎಂದು ಕೇಳುವಾಗ, ದಯವಿಟ್ಟು ಚೌಕವನ್ನು ಕೊಡಬೇಡಿ. ಗಣಿತ ಕಲಿಸುವವರ ಮುಂದೆ ಇಂದು ನಾನು ಇಡುವ ಬೇಡಿಕೆ ಇಷ್ಟೇ.

(1, 1), (3, 1), (3, 3), (1, 3) ಶೃಂಗಗಳಿರುವ ಚೌಕವೊಂದನ್ನು ಗ್ರಾಫ್ ಹಾಳೆಯ ಮೇಲೆ ಬರೆಯಿರಿ. ಅದನ್ನು ಎಡಕ್ಕೆ 4 ಮಾನ ಸರಿಸಿದರೂ, ವೈ ಅಕ್ಷದಲ್ಲಿ ಪ್ರತಿಫಲಿಸಿದರೂ, ಮೂಲಬಿಂದುವಿನ ಸುತ್ತ 90 ಡಿಗ್ರಿ ಅಪ್ರದಕ್ಷಿಣವಾಗಿ ತಿರುಗಿಸಿದರೂ ಬಂದು ನಿಲ್ಲುವುದು ಒಂದೇ ಜಾಗದಲ್ಲಿ. ಮೂರೂ ಉತ್ತರ ಸರಿ. ಮಾದರಿ ಉತ್ತರದಲ್ಲಿ ಒಂದನ್ನೇ ಅಚ್ಚು ಹಾಕಿದ್ದರೆ, ಉಳಿದೆರಡನ್ನು ಬರೆದ ಮಕ್ಕಳ ಅಂಕ ಸುಮ್ಮನೆ ಹೋಗುತ್ತದೆ.

ಧಾರವಾಡದಲ್ಲಿ ಕುಳಿತು ಈ ಮಾತಾಡುವವನಿಗೆ ಉದಾಹರಣೆ ಹುಡುಕಿಕೊಂಡು ದೂರ ಹೋಗಬೇಕಾಗಿಲ್ಲ. ನಮ್ಮ ಕಸೂತಿಯಲ್ಲಿ ಬಟ್ಟೆಯ ಮೇಲೆ ಮೊದಲೇ ಚಿತ್ರ ಬರೆದುಕೊಳ್ಳುವ ಪದ್ಧತಿಯಿಲ್ಲ. ಹಾಸು ಹೊಕ್ಕುಗಳ ಎಳೆ ಎಣಿಸಿಯೇ ಸೂಜಿ ಚುಚ್ಚುತ್ತಾರೆ, ಆದ್ದರಿಂದ ಪ್ರತಿ ಹೊಲಿಗೆಯ ತುದಿಯೂ ಅಡ್ಡಕ್ಕೆ ಇಷ್ಟು ಎಳೆ, ಉದ್ದಕ್ಕೆ ಇಷ್ಟು ಎಳೆ ಎಂದು ಎರಡು ಸಂಖ್ಯೆಗಳಲ್ಲಿ ಹೇಳಬಹುದಾದ ಬಿಂದು. ಗವಂತಿ ಹೊಲಿಗೆಯಲ್ಲಿ ಹೋಗುವಾಗ ಒಂದು ಬಿಟ್ಟು ಒಂದು ಹೊಲಿದು, ಮರಳುವಾಗ ಬಿಟ್ಟ ಜಾಗಗಳನ್ನು ತುಂಬುವುದರಿಂದ ಕೆಲಸ ಎರಡೂ ಬದಿಗೆ ಒಂದೇ ರೀತಿ ಕಾಣುತ್ತದೆ ಎನ್ನುತ್ತಾರೆ. ಎಡಬಲ ಸಮವಾಗಿರುವ ಗೋಪುರಕ್ಕೆ ಆ ಮಾತು ಪೂರ್ತಿ ಒಪ್ಪುತ್ತದೆ. ಆದರೆ ಅದೇ ಹೊಲಿಗೆಯಲ್ಲಿ ಬಲಕ್ಕೆ ಮುಖ ಮಾಡಿದ ನವಿಲನ್ನು ತೆಗೆದು ಸೆರಗನ್ನು ಮಗುಚಿ ನೋಡಿ, ಹಿಂಬದಿಯ ನವಿಲು ಎಡಕ್ಕೆ ನೋಡುತ್ತಿರುತ್ತದೆ. ಪ್ರತಿಫಲನ ಕಣ್ಣಿಗೆ ಬೀಳುವುದು ನವಿಲಿನಲ್ಲಿ, ಗೋಪುರದಲ್ಲಿ ಅಲ್ಲ.

ಹಾಗಾಗಿ ಭುಜಗಳೆಲ್ಲ ಅಸಮವಾಗಿರುವ, ಶೃಂಗಗಳಿಗೆ ಹೆಸರಿಟ್ಟ ತ್ರಿಭುಜವನ್ನೇ ಕೊಡಿ: ಎ (1, 1), ಬಿ (4, 1), ಸಿ (1, 3). ಎ, ಬಿ, ಸಿ ಕ್ರಮದಲ್ಲಿ ಬೆರಳಾಡಿಸಿದರೆ ಅಪ್ರದಕ್ಷಿಣವಾಗಿ ಸುತ್ತುತ್ತೇವೆ. ಬಿಂಬದ, ಅಂದರೆ ರೂಪಾಂತರದ ನಂತರ ಸಿಗುವ ಆಕೃತಿಯ, ಶೃಂಗಗಳು ಅದೇ ಕ್ರಮದಲ್ಲಿ (−1, 1), (−4, 1), (−1, 3) ಆಗಿದ್ದರೆ ಬೆರಳು ಪ್ರದಕ್ಷಿಣವಾಗಿ ಸುತ್ತುತ್ತದೆ. ಸುತ್ತು ತಿರುವುಮುರುವಾದ ಮೇಲೆ ಅದು ಬರೀ ಸರಿಸಿದ್ದೂ ಅಲ್ಲ, ಬರೀ ತಿರುಗಿಸಿದ್ದೂ ಅಲ್ಲ. ಸುತ್ತು ಬದಲಾಗದಿದ್ದರೆ ಮೂರೂ ಶೃಂಗಗಳು ಒಂದೇ ದಿಕ್ಕಿಗೆ ಒಂದೇ ಅಳತೆ ಜರುಗಿವೆಯೇ ಎಂದು ಕಳೆದು ನೋಡಬೇಕು; ಜರುಗಿದ್ದರೆ ಸ್ಥಾನಾಂತರ (ಸರಿಸಿದ್ದು), ಇಲ್ಲವಾದರೆ ಭ್ರಮಣ (ತಿರುಗಿಸಿದ್ದು). ಆಕೃತಿ ಹಿಗ್ಗಿದ್ದರೆ ಅಥವಾ ಕುಗ್ಗಿದ್ದರೆ ಭುಜಗಳ ಅಳತೆಯೇ ಹೇಳುತ್ತದೆ, ಅದಕ್ಕೆ ಹೆಚ್ಚು ತಲೆ ಕೆಡಿಸಿಕೊಳ್ಳಬೇಕಿಲ್ಲ.

ಮಕ್ಕಳು ಹೆಚ್ಚು ಎಡವಬಹುದಾದದ್ದು 180 ಡಿಗ್ರಿಯಲ್ಲಿ. (−1, −1), (−4, −1), (−1, −3) ಎಂಬ ಬಿಂಬದಲ್ಲಿ ಎಬಿ ಭುಜ ಮೊದಲಿನಂತೆ ಅಡ್ಡವಾಗಿಯೇ ಮಲಗಿರುವುದರಿಂದ, ತಿರುಗಿದೆ ಎಂದು ಮೇಲ್ನೋಟಕ್ಕೆ ಅನ್ನಿಸುವುದಿಲ್ಲ, ಎರಡೂ ಚಿಹ್ನೆ ಬದಲಾಗಿರುವುದನ್ನು ಕಂಡು ಪ್ರತಿಫಲನ ಎಂದು ಬರೆದುಬಿಡುವುದು ಸಹಜ. ಎಕ್ಸ್ ಅಕ್ಷದಲ್ಲೊಮ್ಮೆ, ವೈ ಅಕ್ಷದಲ್ಲೊಮ್ಮೆ ಪ್ರತಿಫಲಿಸಿದರೂ ಇದೇ ಬಿಂಬ ಬರುತ್ತದೆಂಬುದು ನಿಜ, ಆದರೆ ಎರಡು ಸಲ ಮಗುಚಿದಾಗ ಸುತ್ತು ಮರಳಿ ಮೊದಲಿನಂತಾಗುತ್ತದೆ. ಎರಡೂ ಚಿಹ್ನೆ ಬದಲಾದರೆ 180 ಡಿಗ್ರಿ ಭ್ರಮಣ ಎಂಬಂಥ ಚಿಹ್ನೆಗಳ ಸೂತ್ರಪಟ್ಟಿಯನ್ನು ಬಾಯಿಪಾಠ ಮಾಡಿಸುವುದಕ್ಕೆ ನನ್ನ ತಕರಾರು ಇರುವುದು ಇದಕ್ಕಾಗಿಯೇ. ಭ್ರಮಣದ ಕೇಂದ್ರ ಮೂಲಬಿಂದುವನ್ನು ಬಿಟ್ಟು (2, 1)ಕ್ಕೆ ಹೋದರೆ ಸಾಕು, ಪಟ್ಟಿ ಕೈಕೊಡುತ್ತದೆ.

ಚೌಕವೇ ಬೇಕೆನ್ನುವವರು ಹೆಸರಿಲ್ಲದ ಚೌಕವನ್ನೇ ಕೊಟ್ಟು, ಸಾಧ್ಯವಿರುವ ಮೂರು ರೂಪಾಂತರಗಳನ್ನು ಬರೆಯಿರಿ ಎಂದು ಕೇಳಲಿ, ಮೂರಕ್ಕೂ ಅಂಕ ಕೊಡಲಿ.