ನೈಲ್ ದಡದ ಹಳೆಯ ಮನೆಯವರು

ಕೇಳುಗರೆಲ್ಲರಿಗೂ ನಮಸ್ಕಾರ.

ಈಜಿಪ್ಟಿನ ಕ್ರೈಸ್ತರ ಬಗ್ಗೆ ಎಲ್ಲಿ ಮಾತು ತೆಗೆದರೂ ಮೊದಲು ಒಂದೇ ಪ್ರಶ್ನೆ ಬರುತ್ತದೆ. ‘ಅದು ಮುಸ್ಲಿಂ ದೇಶ ಅಲ್ವಾ ಸಾರ್, ಇವರು ಅಲ್ಲಿಗೆ ಯಾವಾಗ ಹೋದರು?’ ಕ್ಲಾಸಿನಲ್ಲೂ ಕೇಳಿದ್ದಾರೆ, ಮದುವೆ ಊಟದ ಪಂಕ್ತಿಯಲ್ಲೂ ಕೇಳಿದ್ದಾರೆ. ಉತ್ತರ ಈಗಲೇ ಹೇಳಿಬಿಡುತ್ತೇನೆ. ಅವರು ಎಲ್ಲಿಂದಲೂ ಹೋದವರಲ್ಲ. ಅಲ್ಲಿಯವರೇ. ಇವತ್ತು ಈ ಒಂದು ಮಾತು ನಿಮ್ಮ ನೆನಪಿನಲ್ಲಿ ಉಳಿದರೆ ನನಗೆ ಸಾಕು.

ಇವರನ್ನು ಕಾಪ್ಟರು ಅನ್ನುತ್ತಾರೆ. ಈಜಿಪ್ಟಿನ ಹತ್ತು ಜನರಲ್ಲಿ ಸುಮಾರು ಒಬ್ಬರು ಕ್ರೈಸ್ತರು. ಅವರಲ್ಲಿ ಬಹುಪಾಲು ಕಾಪ್ಟರು. ಆ ಹೆಸರನ್ನೇ ಸ್ವಲ್ಪ ನೋಡಿ. ಕನ್ನಡ ಬೈಬಲ್ ಓದಿದವರಿಗೆ ‘ಐಗುಪ್ತ ದೇಶ’ ಗೊತ್ತು. ಗ್ರೀಕರು ಆ ದೇಶವನ್ನು ‘ಐಗುಪ್ತೋಸ್’ ಎಂದು ಕರೆಯುತ್ತಿದ್ದರು. ಅರಬರ ಬಾಯಲ್ಲಿ ಮೊದಲ ಅಕ್ಷರ ಉದುರಿಹೋಗಿ ‘ಕಿಬ್ತ್’ ಆಯಿತು. ಯುರೋಪಿನವರ ಬಾಯಲ್ಲಿ ಅದೇ ‘ಕಾಪ್ಟ್’. ಅಂದರೆ ಕಾಪ್ಟ್ ಎಂಬ ಮಾತಿಗೆ ಈಜಿಪ್ಟಿನವನು ಅಂತಲೇ ಅರ್ಥ. ಇನ್ನೇನು ಬೇಕು ಹೇಳಿ.

ಯೇಸುವಿನ ಕಥೆ ಬರೆದ ನಾಲ್ವರಲ್ಲಿ ಒಬ್ಬನಾದ ಸಂತ ಮಾರ್ಕ ಈಜಿಪ್ಟಿನ ಅಲೆಕ್ಸಾಂಡ್ರಿಯಾ ಪಟ್ಟಣಕ್ಕೆ ಬಂದು ಮೊದಲ ಸಭೆ, ಅಂದರೆ ಕ್ರೈಸ್ತರ ಸಮುದಾಯ, ಕಟ್ಟಿದ ಎಂಬುದು ಅವರ ನಂಬಿಕೆ. ಅರಬರ ಸೈನ್ಯ ಬಂದದ್ದು ಏಳನೇ ಶತಮಾನದಲ್ಲಿ. ಆಗ ಆ ದೇಶದ ಬಹುಪಾಲು ಜನ ಕ್ರೈಸ್ತರೇ. ಮುಂದೆ ನಿಧಾನವಾಗಿ, ಶತಮಾನಗಳ ಉದ್ದಕ್ಕೂ, ಜಾಸ್ತಿ ಜನ ಮುಸ್ಲಿಮರಾದರು. ಉಳಿದವರು ಕಾಪ್ಟರಾಗಿಯೇ ಉಳಿದರು. ಇಬ್ಬರ ಮುತ್ತಜ್ಜಂದಿರೂ ಒಂದೇ ನೈಲ್ ನದಿಯ ನೀರು ಹಾಯಿಸಿ ಗೋಧಿ ಬೆಳೆದವರು.

ಈಗ ನನಗೆ ತುಂಬ ಇಷ್ಟವಾದ ಕಥೆ. ಸ್ವಲ್ಪ ಉದ್ದ ಇದೆ, ಕೇಳಿ.

ಪಿರಮಿಡ್ಡಿನ ನಾಡಿನ ಚಿತ್ರಲಿಪಿ ನೀವು ನೋಡಿರುತ್ತೀರಿ. ಹಕ್ಕಿ, ಹಾವು, ಕಣ್ಣು. ಸಾವಿರಕ್ಕೂ ಹೆಚ್ಚು ವರ್ಷ ಅದನ್ನು ಓದಬಲ್ಲವರು ಒಬ್ಬರೂ ಇರಲಿಲ್ಲ. 1799ರಲ್ಲಿ ರೊಸೆಟ್ಟಾ ಕಲ್ಲು ಸಿಕ್ಕಿತು. ಅದರಲ್ಲಿ ಒಂದೇ ವಿಷಯ ಚಿತ್ರಲಿಪಿಯಲ್ಲೂ ಇತ್ತು, ಗ್ರೀಕಿನಲ್ಲೂ ಇತ್ತು. ಆದರೂ ಇಪ್ಪತ್ತು ವರ್ಷ ದೊಡ್ಡ ದೊಡ್ಡ ಪಂಡಿತರು ತಲೆ ಕೆರೆದುಕೊಂಡರು. ಫ್ರಾನ್ಸಿನಲ್ಲಿ ಶಾಂಪೋಲಿಯನ್ ಎಂಬ ಹುಡುಗ ಇದ್ದ. ಅವನು ಮಾಡಿದ ಜಾಣತನ ಏನು ಗೊತ್ತಾ? ಕಾಪ್ಟರ ಚರ್ಚಿನ ಭಾಷೆ ಕಲಿತ. ಅದು ಆ ಚಿತ್ರಲಿಪಿಯ ಕಾಲದ ಭಾಷೆಯದೇ ಕೊನೆಯ ರೂಪ. ಹದಿಹರೆಯದಲ್ಲೇ ಕಲಿತ. ಎಷ್ಟು ಹುಚ್ಚು ಅಂದರೆ, ತಲೆಗೆ ಬಂದದ್ದನ್ನೆಲ್ಲ ಕಾಪ್ಟಿಕ್ ಭಾಷೆಗೆ ತಿರುಗಿಸುತ್ತಿದ್ದೇನೆ ಎಂದು ಅಣ್ಣನಿಗೆ ಪತ್ರ ಬರೆದ.

1822ರ ಸೆಪ್ಟೆಂಬರ್. ಅವನಿಗೆ ಆಗ ಮೂವತ್ತೊಂದು. ಅಬು ಸಿಂಬೆಲ್ ದೇವಾಲಯದ ಶಾಸನದ ನಕಲು ಅವನ ಕೈಗೆ ಬಂತು. ಉದ್ದನೆಯ ಉಂಗುರದಂಥ ಗೆರೆಯೊಳಗೆ ಒಬ್ಬ ರಾಜನ ಹೆಸರು. ಮೊದಲು ಒಂದು ದುಂಡು ಗುರುತು, ನಡುವೆ ಇನ್ನೊಂದು, ಕೊನೆಗೆ ಎರಡು ‘ಸ’. ‘ಸ’ ಅವನಿಗೆ ಗೊತ್ತಿತ್ತು. ದುಂಡಗೆ ಇರುವುದು ಸೂರ್ಯ ಅಲ್ವಾ? ಸೂರ್ಯನಿಗೆ ಕಾಪ್ಟಿಕ್‌ನಲ್ಲಿ ‘ರೇ’. ನಡುವಿನ ಗುರುತಿಗೆ ಹುಟ್ಟು ಎಂಬ ಅರ್ಥ ಇರಬೇಕು ಅನ್ನಿಸಿತು. ಹೆರುವುದಕ್ಕೆ ಕಾಪ್ಟಿಕ್‌ನಲ್ಲಿ ‘ಮಿಸೆ’. ಕೂಡಿಸಿ ಓದಿ ನೋಡಿ. ರೇ, ಮಿಸೆ, ಸ, ಸ. ರಾಮೆಸ್ಸೆಸ್! ಮೂರು ಸಾವಿರ ವರ್ಷ ಹಿಂದಿನ ಫೆರೋ ತನ್ನ ಹೆಸರನ್ನು ತಾನೇ ಹೇಳಿದ ಹಾಗಾಯಿತು. ಶಾಂಪೋಲಿಯನ್ ಅಣ್ಣನ ಕಚೇರಿಗೆ ಓಡಿಹೋಗಿ, ಸಿಕ್ಕಿತು ಎಂದು ಕೂಗಿ, ಅಲ್ಲೇ ಎಚ್ಚರ ತಪ್ಪಿ ಬಿದ್ದನಂತೆ. ಪುಸ್ತಕಗಳಲ್ಲಿ ಅವನ ಹೆಸರು ಇರುತ್ತದೆ, ಸರಿಯೇ. ಆದರೆ ಆ ‘ರೇ’, ಆ ‘ಮಿಸೆ’ ಅವನ ಕೈಗೆ ಬರುವವರೆಗೂ ಉಳಿದದ್ದು ಹೇಗೆ? ಮನೆಯಲ್ಲಿ ಅರೇಬಿಕ್ ಬಂದ ಮೇಲೂ ಪ್ರಾರ್ಥನೆಯಲ್ಲಿ ಆ ಭಾಷೆ ಬಿಡದ ಪಾದ್ರಿಗಳಿಂದ, ಅದನ್ನು ಮತ್ತೆ ಮತ್ತೆ ನಕಲು ಮಾಡಿದ ಮಠದ ಸನ್ಯಾಸಿಗಳಿಂದ. ಅವರು ಅಲ್ಲಿಯವರೇ ಎಂದು ನಾನು ಸುಮ್ನೆ ಹೇಳುತ್ತಿಲ್ಲ.

ರೈತ ಬಾಂಧವರಿಗೆ ಇನ್ನೊಂದು ಮಾತು. ನೀವು ಆರಿದ್ರ ಮಳೆ, ಸ್ವಾತಿ ಮಳೆ ಅಂತ ಲೆಕ್ಕ ಹಿಡಿದು ಬಿತ್ತುತ್ತೀರಲ್ಲ, ಈಜಿಪ್ಟಿನ ರೈತರು ಹಾಗೇ ಕಾಪ್ಟಿಕ್ ತಿಂಗಳು ಹಿಡಿಯುತ್ತಾರೆ. ತೂಬಾ ಅಂದರೆ ಕಡು ಚಳಿ. ಅಮ್ಶೀರ್ ಅಂದರೆ ಗಾಳಿ, ಧೂಳು. ಮುಸ್ಲಿಂ ರೈತರೂ ಇದನ್ನೇ ಹೇಳುತ್ತಾರೆ. ಫೆರೋಗಳ ಕಾಲದ ಪಂಚಾಂಗ, ಚರ್ಚಿನಲ್ಲಿ ಉಳಿದು, ಇವತ್ತಿಗೂ ಎಲ್ಲರ ಹೊಲದಲ್ಲಿದೆ.

ಕಷ್ಟಗಳ ಬಗ್ಗೆ ಹೇಳದೆ ಹೋಗುವ ಹಾಗಿಲ್ಲ. ಸಮಯ ಕಡಿಮೆ ಇದೆ, ಬೇಗ ಹೇಳುತ್ತೇನೆ. ಹೊಸ ಚರ್ಚ್ ಕಟ್ಟುವುದು ಅಲ್ಲಿ ಬಹಳ ಕಾಲ ದೊಡ್ಡ ತಾಪತ್ರಯವಾಗಿತ್ತು. ಅದಕ್ಕೆಂದೇ ಒಂದು ಕಾನೂನು ಬಂದದ್ದು 2016ರಲ್ಲಿ. 2015ರಲ್ಲಿ ಲಿಬಿಯಾಕ್ಕೆ ಕೂಲಿಗೆ ಹೋಗಿದ್ದ 20 ಕಾಪ್ಟರನ್ನೂ ಅವರ ಜೊತೆಗಿದ್ದ ಒಬ್ಬ ಆಫ್ರಿಕನ್ನನನ್ನೂ ಐಸಿಸ್ ಉಗ್ರರು ಸಮುದ್ರದ ದಡದಲ್ಲಿ ಕೊಂದರು. 2017ರಲ್ಲಿ ಕ್ರೈಸ್ತರ ಹಬ್ಬವಾದ ಗರಿಗಳ ಭಾನುವಾರದ ದಿನ ಟಾಂಟಾ ಪಟ್ಟಣದಲ್ಲೂ ಅಲೆಕ್ಸಾಂಡ್ರಿಯಾದಲ್ಲೂ ಚರ್ಚುಗಳಲ್ಲಿ ಬಾಂಬ್ ಸಿಡಿದವು. ಇದನ್ನು ಕೇಳಿದವರು ‘ಹಾಗಾದರೆ ಬೇರೆ ದೇಶಕ್ಕೆ ಹೋಗಬಾರದಾ?’ ಅನ್ನುತ್ತಾರೆ. ಹೋದವರೂ ಇದ್ದಾರೆ, ಅಮೆರಿಕಾಕ್ಕೆ, ಆಸ್ಟ್ರೇಲಿಯಾಕ್ಕೆ. ಆದರೆ ಬಹಳಷ್ಟು ಜನ ಅಲ್ಲೇ ಇದ್ದಾರೆ. ತಮ್ಮ ಮನೆ ಬಿಟ್ಟು ಅವರು ಯಾಕೆ ಹೋಗಬೇಕು? 2011ರಲ್ಲಿ, ಸರ್ಕಾರದ ವಿರುದ್ಧ ಜನ ಬೀದಿಗಿಳಿದಾಗ, ಕೈರೋದ ತಹರೀರ್ ಚೌಕದಲ್ಲಿ ಮುಸ್ಲಿಮರು ನಮಾಜಿಗೆ ನಿಂತಾಗ ಕ್ರೈಸ್ತರು ಕೈ ಕೈ ಹಿಡಿದು ಸುತ್ತ ಕಾವಲು ನಿಂತರು. ಅದೂ ಇದೇ ಜನ.

ನಮ್ಮ ಉಡುಪಿ ಕಡೆಯ ಬ್ರಹ್ಮಾವರದಲ್ಲಿ ಆರ್ಥೊಡಾಕ್ಸ್ ಸಿರಿಯನ್ ಪಂಥದ ಕ್ರೈಸ್ತರಿದ್ದಾರೆ. ಅವರ ಸಭೆ, ಕಾಪ್ಟರ ಸಭೆ ಎರಡೂ ಒಂದೇ ಬಳಗ. ಈ ವಿಷಯಕ್ಕೆ ಇನ್ನೊಂದು ದಿನ ಬರುತ್ತೇನೆ.

ಕೈರೋಕ್ಕೆ ಹೋಗುವವರು ಪಿರಮಿಡ್ ಮಾತ್ರ ನೋಡಿ ಬರಬೇಡಿ, ದಯವಿಟ್ಟು. ಮೆಟ್ರೋ ಹತ್ತಿ ಮಾರ್ ಗಿರ್ಗಿಸ್ ನಿಲ್ದಾಣದಲ್ಲಿ ಇಳಿಯಿರಿ. ಎದುರಿಗೇ ಹಳೆಯ ಚರ್ಚುಗಳು. ನಾನು ಹೋದಾಗ ಪೂಜೆ ಆಗಷ್ಟೇ ಮುಗಿದಿತ್ತು. ಕರಿ ಬಟ್ಟೆಯ ಒಬ್ಬ ಅಜ್ಜಿ ಕೈ ಚಾಚಿ ಒಂದು ದುಂಡನೆಯ ರೊಟ್ಟಿ ಕೊಟ್ಟರು. ಅಂಗೈ ಅಗಲ. ಮೇಲೆ ಶಿಲುಬೆಗಳ ಅಚ್ಚು, ಸುತ್ತ ಅಕ್ಷರ, ಐದು ತೂತು. ಇನ್ನೂ ಬಿಸಿ ಇತ್ತು. ಅವರ ಮಣಿಕಟ್ಟಿನ ಒಳಗಡೆ ಸಣ್ಣದೊಂದು ಶಿಲುಬೆಯ ಹಚ್ಚೆ, ಹಳೆಯದಾಗಿ ಹಸಿರುಗಟ್ಟಿತ್ತು. ನಾನು ಅದನ್ನೇ ನೋಡುತ್ತಿದ್ದೆ. ಅವರು ಅರೇಬಿಕ್‌ನಲ್ಲಿ ಏನೋ ಅಂದರು. ಪಕ್ಕದ ಹುಡುಗ ಇಂಗ್ಲಿಷಿನಲ್ಲಿ ಹೇಳಿದ: ‘ಆರುವ ಮೊದಲು ತಿನ್ನು ಅಂತಿದ್ದಾರೆ.’

ನಮಸ್ಕಾರ.